ಒಂದು ಪೆನ್ನಿಯ ಲೆಕ್ಕ: ಅಂಚೆ ಇಲಾಖೆಯನ್ನು ತಿದ್ದಿದ ರೋಲೆಂಡ್ ಹಿಲ್

ಅಂಚೆಚೀಟಿ ಹಚ್ಚದೆ ಡಬ್ಬಿಗೆ ಹಾಕಿದ ಕಾಗದಕ್ಕೆ ಕರ್ನಾಟಕದ ಊರುಗಳಲ್ಲಿ ಬೇರಿಂಗ್ ಕಾಗದವೆಂಬ ಹೆಸರಿತ್ತು. ಅಂಥದೊಂದು ಬಂತೆಂದರೆ ಅಂಚೆಯವನು ಬಾಗಿಲಲ್ಲೇ ನಿಂತು ದುಪ್ಪಟ್ಟು ಹಣ ಕೇಳುತ್ತಿದ್ದ. ಕೊಟ್ಟರೆ ಕಾಗದ ಕೈಗೆ, ಇಲ್ಲವಾದರೆ ಬಂದ ದಾರಿಗೆ. ಮನೆಯವರಿಗೆ ಮುಜುಗರ, ಅಂಚೆಯವನಿಗೆ ಕಾಲಹರಣ, ಇಲಾಖೆಗೆ ಲೆಕ್ಕದ ಕಿರಿಕಿರಿ. ಎಲ್ಲೋ ಅಪರೂಪಕ್ಕೆ ನಡೆಯುತ್ತಿದ್ದ ಈ ಪ್ರಸಂಗ 1840ಕ್ಕೆ ಮುಂಚಿನ ಬ್ರಿಟನ್ನಿನಲ್ಲಿ ನಿತ್ಯದ ಪರಿಪಾಠವಾಗಿತ್ತು. ಅಲ್ಲಿ ಬಹುಪಾಲು ಕಾಗದಗಳು ಬೇರಿಂಗ್ ಕಾಗದಗಳೇ. ಬರೆದವನು ಹಣ ಕೊಡುತ್ತಿರಲಿಲ್ಲ, ಪಡೆದವನು ತೆರಬೇಕಿತ್ತು.

ಈ ಪದ್ಧತಿಯನ್ನು ಬುಡಮೇಲು ಮಾಡಿದ ರೋಲೆಂಡ್ ಹಿಲ್ ಅಂಚೆ ಇಲಾಖೆಯ ನೌಕರನಾಗಿರಲಿಲ್ಲ. ಆತ ಶಾಲಾ ಮಾಸ್ತರನಾಗಿದ್ದವನು. ಅಂಚೆಚೀಟಿಯ ಜನಕನೆಂದು ಪಠ್ಯಪುಸ್ತಕಗಳಲ್ಲಿ ಆತನ ಹೆಸರು ಬರುತ್ತದೆಯಾದರೂ, ಚೀಟಿ ಆತನ ಯೋಜನೆಯ ಒಂದು ಸಣ್ಣ ಭಾಗ ಮಾತ್ರ. ಸರಕಾರದ ಒಂದು ಸೇವೆಗೆ ನಿಜವಾಗಿ ಎಷ್ಟು ಖರ್ಚಾಗುತ್ತದೆ, ಆ ಖರ್ಚು ಕೆಲಸದ ಯಾವ ಹಂತದಲ್ಲಿ ಹುಟ್ಟುತ್ತದೆ ಎಂಬುದನ್ನು ಲೆಕ್ಕ ಹಾಕಿ ನೋಡಿದ್ದು ಆತನ ಹೆಚ್ಚುಗಾರಿಕೆ. ಇಲಾಖೆಯೊಳಗಿದ್ದವರು ಅಷ್ಟು ವರ್ಷಗಳಲ್ಲಿ ಆ ಗೋಜಿಗೇ ಹೋಗಿರಲಿಲ್ಲ.

ಹಿಲ್ ಹುಟ್ಟಿದ್ದು 1795ರ ಡಿಸೆಂಬರ್ 3ರಂದು, ಇಂಗ್ಲೆಂಡಿನ ವುಸ್ಟರ್‌ಷೈರ್ ಪ್ರಾಂತ್ಯದ ಕಿಡರ್‌ಮಿನ್‌ಸ್ಟರ್ ಪಟ್ಟಣದಲ್ಲಿ. ತಂದೆ ತಾಮಸ್ ರೈಟ್ ಹಿಲ್ ಬುದ್ಧಿವಂತನೇನೋ ಹೌದು, ಆದರೆ ಸಂಸಾರದ ಕೈ ಸದಾ ಬಿಗಿ. ಟಪಾಲಿನವನು ಬಾಗಿಲು ತಟ್ಟಿದರೆ ಕೊಡಲು ಕಾಸಿಲ್ಲವಲ್ಲ ಎಂದು ತಾಯಿ ಅಂಜುತ್ತಿದ್ದುದು ರೋಲೆಂಡನ ಬಾಲ್ಯದ ನೆನಪುಗಳಲ್ಲೊಂದು. ಒಮ್ಮೆ ಅಂಚೆಯ ಹಣ ಹೊಂದಿಸಲೆಂದೇ ಆಕೆ ಮಗನ ಕೈಗೆ ಹಳೆಯ ಬಟ್ಟೆಯ ಗಂಟೊಂದನ್ನು ಕೊಟ್ಟು ಮಾರಿ ಬರಲು ಅಟ್ಟಿದ್ದಳು.

ತಂದೆ ಬರ್ಮಿಂಗ್‌ಹ್ಯಾಮಿನಲ್ಲಿ 1803ರಲ್ಲಿ ಶಾಲೆ ತೆರೆದ. ರೋಲೆಂಡ್ ಹನ್ನೆರಡರ ವಯಸ್ಸಿನಿಂದಲೇ ಅಲ್ಲಿ ಪಾಠ ಹೇಳತೊಡಗಿದ. ಮುಂದೆ 1819ರಲ್ಲಿ ಅದೇ ಊರಿನ ಎಜ್‌ಬಾಸ್ಟನ್ನಿನಲ್ಲಿ ಹಿಲ್ ಸಹೋದರರು ನಡೆಸಿದ ಹೇಜಲ್‌ವುಡ್ ಶಾಲೆ ಹೆಸರು ಮಾಡಿತು. ಅಲ್ಲಿ ಬೆತ್ತದ ಏಟಿಗೆ ಎಡೆಯಿರಲಿಲ್ಲ. ಹುಡುಗರೇ ನಿಯಮಾವಳಿ ರೂಪಿಸಿ, ಹುಡುಗರ ಪಂಚರ ಎದುರೇ ತಪ್ಪಿತಸ್ಥರ ವಿಚಾರಣೆ ನಡೆಸುತ್ತಿದ್ದರು. ದಿನಚರಿಯೆಲ್ಲ ಗಡಿಯಾರಕ್ಕೆ ಕಟ್ಟಿದ್ದು. ಎಲ್ಲವನ್ನೂ ನಿಯಮಕ್ಕೆ ಒಗ್ಗಿಸಬಹುದು, ನಿಯಮ ಸರಿಯಾಗಿದ್ದರೆ ಮನುಷ್ಯರೂ ಸರಿಯಾಗಿ ನಡೆಯುತ್ತಾರೆ ಎಂಬ ನಂಬಿಕೆ ಹಿಲ್‌ನಲ್ಲಿ ಬೇರೂರಿದ್ದು ಇಲ್ಲಿಯೇ ಇರಬೇಕು. ಆ ನಂಬಿಕೆ ಮುಂದೆ ಆತನನ್ನು ಎತ್ತರಕ್ಕೆ ಏರಿಸಿತು, ಕೊನೆಗಾಲದಲ್ಲಿ ತೊಂದರೆಗೂ ಸಿಲುಕಿಸಿತು.

ಶಾಲೆಯ ಕೆಲಸ ಬಿಟ್ಟ ಬಳಿಕ ಹಿಲ್ ದಕ್ಷಿಣ ಆಸ್ಟ್ರೇಲಿಯದಲ್ಲಿ ವಸಾಹತು ಸ್ಥಾಪಿಸಲು ನೇಮಿಸಿದ್ದ ಆಯೋಗದ ಕಾರ್ಯದರ್ಶಿಯಾದ. ಇದರ ನಡುವೆ ಯಂತ್ರಗಳ ಹುಚ್ಚು ಬೇರೆ. ಉದ್ದನೆಯ ಕಾಗದದ ಸುರುಳಿಯ ಮೇಲೆ ನಿಲ್ಲದೆ ಅಚ್ಚು ಹಾಕುವ ಸುತ್ತುಯಂತ್ರವೊಂದಕ್ಕೆ 1835ರಲ್ಲಿ ಹಕ್ಕುಪತ್ರ ಪಡೆದ. ಪತ್ರಿಕೆಗಳ ಮುದ್ರಣಕ್ಕೆ ಅದು ವರವಾಗಬೇಕಿತ್ತು. ಆದರೆ ಅಂದು ಪತ್ರಿಕೆಯ ಪ್ರತಿ ಹಾಳೆಯ ಮೇಲೂ ಸರಕಾರದ ಸುಂಕದ ಮುದ್ರೆ ಬೀಳಬೇಕೆಂಬ ಕಾನೂನಿತ್ತು. ಸುರುಳಿ ಓಡುತ್ತಿರುವಾಗಲೇ ಮುದ್ರೆಯನ್ನೂ ಒತ್ತುವ ಏರ್ಪಾಡಿಗೆ ಖಜಾನೆ ಇಲಾಖೆ ಒಪ್ಪಲಿಲ್ಲ. ಯಂತ್ರ ಮೂಲೆ ಸೇರಿತು. ಒಂದು ಕಚೇರಿಯ ಪದ್ಧತಿ ಒಳ್ಳೆಯದೊಂದು ಕೆಲಸವನ್ನು ಹೇಗೆ ಕೊಲ್ಲಬಲ್ಲದೆಂಬುದರ ಅನುಭವ ಹಿಲ್‌ಗೆ ಅಂಚೆಯ ತಂಟೆಗೆ ಹೋಗುವ ಮುನ್ನವೇ ಆಗಿತ್ತು.

ಅಂದಿನ ಬ್ರಿಟಿಷ್ ಅಂಚೆಯ ದರಪಟ್ಟಿ ಯಾರಿಗೂ ಪೂರ್ತಿ ಅರ್ಥವಾಗುವಂತಿರಲಿಲ್ಲ. ದೂರ ಹೆಚ್ಚಿದಂತೆ ದರ ಹೆಚ್ಚುತ್ತಿತ್ತು. ಹಾಳೆ ಎರಡಾದರೆ ದರವೂ ಇಮ್ಮಡಿ. ಲಂಡನ್ನಿನಿಂದ ಎಡಿನ್‌ಬರೊಗೆ ಒಂಟಿ ಹಾಳೆಯ ಕಾಗದಕ್ಕೆ ಒಂದು ಶಿಲ್ಲಿಂಗ್ ಒಂದೂವರೆ ಪೆನ್ನಿ, ಅಂದರೆ ಹದಿಮೂರೂವರೆ ಪೆನ್ನಿ. ಅದರಲ್ಲಿ ಅರ್ಧ ಪೆನ್ನಿ ಸ್ಕಾಟ್ಲೆಂಡಿನಲ್ಲಿ ಎರಡಕ್ಕಿಂತ ಹೆಚ್ಚು ಚಕ್ರದ ಟಪಾಲು ಬಂಡಿಯಲ್ಲಿ ಸಾಗುವುದಕ್ಕಾಗಿ ತೆರುವ ಸುಂಕ! ಹೊಲದಲ್ಲಿ ದುಡಿಯುವ ಕೂಲಿಗೆ ವಾರಕ್ಕೆ ಹತ್ತು ಶಿಲ್ಲಿಂಗ್ ಸಿಕ್ಕರೆ ಹೆಚ್ಚು ಎನ್ನುವ ಕಾಲವದು. ಪಟ್ಟಣಕ್ಕೆ ಹೋದ ಮಗಳ ಕಾಗದ ಬಿಡಿಸಿಕೊಳ್ಳಲು ಅಂಥವನೊಬ್ಬ ಒಂದು ದಿನದ ಕೂಲಿಯನ್ನು ಬಿಟ್ಟುಕೊಡಬೇಕಿತ್ತು.

ಲಕೋಟೆ ಬಳಸಿದರೆ ಅದೂ ಒಂದು ಹಾಳೆಯೆಂದು ಲೆಕ್ಕ. ಹೀಗಾಗಿ ಜನ ಹಾಳೆಯನ್ನೇ ಮಡಚಿ ಅರಗು ಹಚ್ಚುತ್ತಿದ್ದರು. ಒಳಗೆ ಇನ್ನೊಂದು ಚೂರು ಕಾಗದ ಅಡಗಿದೆಯೇ ಎಂದು ಗುಮಾಸ್ತರು ಪ್ರತಿ ಕಾಗದವನ್ನೂ ಮೇಣದ ಬತ್ತಿಯ ಬೆಳಕಿಗೆ ಹಿಡಿದು ಪರೀಕ್ಷಿಸುತ್ತಿದ್ದರು. ಪಾರ್ಲಿಮೆಂಟಿನ ಸದಸ್ಯರಿಗೆ ಮಾತ್ರ ಈ ಕಾಟವಿಲ್ಲ, ಮೇಲೆ ತಮ್ಮ ಸಹಿ ಹಾಕಿದರೆ ಟಪಾಲು ಪುಕ್ಕಟೆ. ಅವರ ಬಂಧುಗಳು, ಬಂಧುಗಳ ಸ್ನೇಹಿತರು ಸಹಿಗಾಗಿ ಹಿಂದೆ ಬೀಳುತ್ತಿದ್ದರು. ದುಡ್ಡಿದ್ದವರಿಗೆ ಪುಕ್ಕಟೆ, ಇಲ್ಲದವರಿಗೆ ದುಬಾರಿ.

ಸಾಮಾನ್ಯರು ತಮ್ಮದೇ ದಾರಿ ಹುಡುಕಿಕೊಂಡಿದ್ದರು. ಗಾಡಿಯವರು, ವ್ಯಾಪಾರಿಗಳ ಆಳುಗಳು ಕಾಗದಗಳನ್ನು ಕದ್ದು ಸಾಗಿಸುತ್ತಿದ್ದರು. ಕವಿ ಕೋಲ್‌ರಿಜ್ ಕಂಡ ಪ್ರಸಂಗವೊಂದು ಆ ಕಾಲದಲ್ಲಿ ಪ್ರಸಿದ್ಧ. ಬಡ ಹೆಂಗಸೊಬ್ಬಳು ತನಗೆ ಬಂದ ಕಾಗದವನ್ನು ಹೊರಳಿಸಿ ನೋಡಿ, ಹಣವಿಲ್ಲವೆಂದು ಹಿಂದಿರುಗಿಸುತ್ತಿದ್ದಳು. ಕನಿಕರಗೊಂಡ ಕವಿ ತಾನೇ ಶಿಲ್ಲಿಂಗ್ ತೆತ್ತು ಬಿಡಿಸಿಕೊಟ್ಟ. ಒಡೆದು ನೋಡಿದರೆ ಒಳಗೆ ಖಾಲಿ ಹಾಳೆ. ಅಂಥ ಕಾಗದ ಬಂತೆಂದರೆ ಕಳುಹಿಸಿದವನು ಕ್ಷೇಮವೆಂದು ಅವಳು ತಿಳಿಯುವುದು ಮೊದಲೇ ಆದ ಒಪ್ಪಂದ. ಈ ಕಥೆಯನ್ನು ಹಲವರು ಹಿಲ್‌ನ ಸ್ವಂತ ಅನುಭವವೆಂದೇ ಹೇಳುವುದುಂಟು. ಅದು ಸರಿಯಲ್ಲ. ಹಿಲ್ ಅದನ್ನು ದೃಷ್ಟಾಂತವಾಗಿ ಬಳಸಿಕೊಂಡನಷ್ಟೆ.

ಗ್ರೀನಾಕ್ ಕ್ಷೇತ್ರದ ಸಂಸದ ರಾಬರ್ಟ್ ವಾಲೇಸ್ ಅಂಚೆಯ ಅವ್ಯವಸ್ಥೆಯ ಬಗ್ಗೆ ಪಾರ್ಲಿಮೆಂಟಿನಲ್ಲಿ ಒಂದೇ ಸಮನೆ ಗಲಾಟೆ ಎಬ್ಬಿಸುತ್ತಿದ್ದ. ಆತ 1836ರಲ್ಲಿ ಸರಕಾರಿ ವರದಿಗಳ ದೊಡ್ಡ ಹೊರೆಯನ್ನೇ ಹಿಲ್‌ಗೆ ಒದಗಿಸಿಕೊಟ್ಟ. ಹಿಲ್ ಲಂಡನ್ನಿನ ಪ್ರಧಾನ ಅಂಚೆ ಕಚೇರಿಯ ಒಳಗೆ ಕೆಲಸ ಹೇಗೆ ನಡೆಯುತ್ತದೆಂದು ನೋಡಲು ಅನುಮತಿ ಬೇಡಿದ. ಇಲಾಖೆ ನಯವಾಗಿ ನಿರಾಕರಿಸಿತು. ಹಾಗಾಗಿ ಕಾಗದ ವಿಂಗಡಿಸುವ ಕೋಣೆಯನ್ನು ಒಮ್ಮೆಯೂ ಕಾಣದೆಯೇ, ಅಂಕಿಅಂಶಗಳನ್ನಷ್ಟೇ ಮುಂದಿಟ್ಟುಕೊಂಡು ಆತ ಸುಧಾರಣೆಯ ಯೋಜನೆ ಬರೆದ.

ಆತನ ಕಣ್ಣಿಗೆ ಮೊದಲು ಬಿದ್ದದ್ದು ವರಮಾನದ ಅಂಕಿ. 1815ರಿಂದ 1835ರವರೆಗಿನ ಇಪ್ಪತ್ತು ವರ್ಷಗಳಲ್ಲಿ ಜನಸಂಖ್ಯೆ ಬೆಳೆದಿತ್ತು, ವ್ಯಾಪಾರ ಹಿಗ್ಗಿತ್ತು. ಪ್ರಯಾಣಿಕರ ಕುದುರೆಗಾಡಿಗಳ ಮೇಲಿನ ತೆರಿಗೆಯ ಉತ್ಪತ್ತಿ ಇಮ್ಮಡಿಗೂ ಮಿಕ್ಕಿತ್ತು. ಅಂಚೆಯ ನಿವ್ವಳ ವರಮಾನ ಮಾತ್ರ ಸುಮಾರು 15 ಲಕ್ಷ ಪೌಂಡಿನಲ್ಲೇ ನಿಂತುಬಿಟ್ಟಿತ್ತು. ಜನ ಓಡಾಡುತ್ತಿದ್ದಾರೆ, ಆದರೆ ಕಾಗದ ಬರೆಯುತ್ತಿಲ್ಲ, ಅಥವಾ ಬರೆದದ್ದನ್ನು ಅಂಚೆಗೆ ಕೊಡುತ್ತಿಲ್ಲ. ದರವೇ ಗಿರಾಕಿಯನ್ನು ಓಡಿಸುತ್ತಿದೆಯೆಂದು ಹಿಲ್ ತೀರ್ಮಾನಿಸಿದ.

ಎರಡನೆಯ ಲೆಕ್ಕ ಇನ್ನೂ ಸ್ವಾರಸ್ಯಕರ. ಲಂಡನ್ನಿನಿಂದ 400 ಮೈಲಿ ದೂರದ ಎಡಿನ್‌ಬರೊಗೆ ಟಪಾಲು ಬಂಡಿಯ ಒಂದು ಪ್ರಯಾಣಕ್ಕೆ ತಗಲುವ ಖರ್ಚು ಸುಮಾರು 5 ಪೌಂಡ್. ಅದರಲ್ಲಿ ಸಾಗುವ ಟಪಾಲಿನ ತೂಕ ಇಂದಿನ ಲೆಕ್ಕದಲ್ಲಿ ಸುಮಾರು 300 ಕಿಲೋ. ಭಾಗಿಸಿ ನೋಡಿದರೆ ಕಾಲು ಔನ್ಸಿನ ಒಂದು ಕಾಗದವನ್ನು ಅಷ್ಟು ದೂರ ಒಯ್ಯಲು ಬೀಳುವ ವೆಚ್ಚ ಒಂದು ಪೆನ್ನಿಯ 36ನೆಯ ಒಂದು ಭಾಗ! ಜನರಿಂದ ವಸೂಲಾಗುತ್ತಿದ್ದುದು ಅದರ 486 ಪಟ್ಟು. ದೂರಕ್ಕೂ ದರಕ್ಕೂ ಸಂಬಂಧವೇ ಇಲ್ಲವೆಂದ ಮೇಲೆ ದೂರವನ್ನಳೆದು ದರ ಕಟ್ಟುವುದೇಕೆ?

ಹಾಗಾದರೆ ಹಣವೆಲ್ಲ ಹೋಗುತ್ತಿದ್ದುದೆಲ್ಲಿಗೆ? ಗುಮಾಸ್ತ ಕಾಗದವನ್ನು ಬೆಳಕಿಗೆ ಹಿಡಿಯಬೇಕು, ದೂರ ನೋಡಬೇಕು, ದರ ನಿಗದಿ ಮಾಡಿ ಕಾಗದದ ಮೈಮೇಲೆ ಮಸಿಯಲ್ಲಿ ಬರೆಯಬೇಕು. ಪ್ರತಿ ಊರಿನ ಚೀಲದ ಜೊತೆಗೂ ಲೆಕ್ಕದ ಪಟ್ಟಿ ಹೋಗಬೇಕು. ಆ ಮೊತ್ತ ಊರಿನ ಪೋಸ್ಟ್ ಮಾಸ್ತರನ ಹೆಸರಿಗೆ ಖರ್ಚು ಬೀಳಬೇಕು, ಆತನಿಂದ ಹಂಚುವವನ ಹೆಸರಿಗೆ ವರ್ಗವಾಗಬೇಕು. ಹಂಚುವವನು ಮನೆಮನೆಯ ಬಾಗಿಲಲ್ಲಿ ಚಿಲ್ಲರೆಗಾಗಿ ಕಾಯಬೇಕು. ಕೊಡಲೊಲ್ಲೆನೆಂದವರ ಕಾಗದ ಹಿಂದಿರುಗಿದರೆ ಇಡೀ ಲೆಕ್ಕವನ್ನು ತಿರುಗುಮುರುಗಾಗಿ ಮತ್ತೆ ಬರೆಯಬೇಕು. ಹೀಗೆ ಸಾಗಾಟದ ಖರ್ಚು ಅತ್ಯಲ್ಪವಾಗಿದ್ದು, ಹಣ ವಸೂಲಿಗೂ ವಸೂಲಾದ ಹಣದ ಮೇಲಿನ ಕಾವಲಿಗೂ ಇಲಾಖೆಯ ಶಕ್ತಿಯೆಲ್ಲ ಸೋರಿಹೋಗುತ್ತಿತ್ತು.

ಹಿಲ್‌ನ ಪರಿಹಾರ ಮೂರೇ ಮಾತಿನದು. ದೇಶದೊಳಗೆ ಎಲ್ಲಿಗಾದರೂ ಒಂದೇ ದರ, ಅರ್ಧ ಔನ್ಸಿಗೆ ಒಂದು ಪೆನ್ನಿ. ಹಾಳೆಯ ಎಣಿಕೆ ಬೇಡ, ತೂಕ ಸಾಕು. ಹಣ ಮುಂಗಡ. ಮುಂಗಡ ಕೊಡುವುದು ಸುಲಭವಾಗಲೆಂದು ಮುದ್ರೆಯಿರುವ ಲಕೋಟೆಗಳನ್ನು ಮಾರಬಹುದೆಂದು ಆತ ಸೂಚಿಸಿದ. ಲಕೋಟೆ ಇಲ್ಲದೆ ಬಂದವರು ಏನು ಮಾಡಬೇಕೆಂಬ ಪ್ರಶ್ನೆಗೆ, ಹಿಂಬದಿಗೆ ಅಂಟು ಬಳಿದ ಪುಟ್ಟ ಚೀಟಿಯೊಂದನ್ನು ಒದ್ದೆ ಮಾಡಿ ಅಂಟಿಸಬಹುದೆಂದು 1837ರ ಫೆಬ್ರುವರಿಯಲ್ಲಿ ವಿಚಾರಣಾ ಆಯೋಗದ ಮುಂದೆ ಹೇಳಿದ. ಜಗತ್ತಿನಲ್ಲಿ ಆತನ ಹೆಸರನ್ನು ಉಳಿಸಿದ್ದು ಹೀಗೆ ಪರ್ಯಾಯವಾಗಿ ಹೇಳಿದ ಆ ಚೀಟಿ!

ಇಲಾಖೆ ಸುಮ್ಮನಿರಲಿಲ್ಲ. ಪೋಸ್ಟ್ ಮಾಸ್ಟರ್ ಜನರಲ್ ಆಗಿದ್ದ ಲಾರ್ಡ್ ಲಿಚ್‌ಫೀಲ್ಡ್ ಇದನ್ನು ಹುಚ್ಚು ಕನಸೆಂದು ತಳ್ಳಿಹಾಕಿದ. ಅಷ್ಟು ಕಾಗದಗಳು ಬಂದರೆ ಕಟ್ಟಡದಲ್ಲಿ ಹಿಡಿಸಲಾರವೆಂಬುದೂ ಒಂದು ಆಕ್ಷೇಪ. ಕಾರ್ಯದರ್ಶಿ ಕರ್ನಲ್ ಮೇಬರ್ಲಿ ಮಾತ್ರ ಹೆಚ್ಚು ಗಂಭೀರವಾದ ಮಾತಾಡಿದ. ಇಷ್ಟು ದರ ಇಳಿಸಿದರೆ ವರಮಾನ ಮತ್ತೆ ಮೊದಲ ಮಟ್ಟಕ್ಕೆ ಬರಲು ನಾಲ್ಕೈದು ದಶಕಗಳೇ ಬೇಕಾದಾವೆಂಬುದು ಆತನ ಎಣಿಕೆ. ಹಿಲ್‌ನ ಅಭಿಮಾನಿಗಳು ಮೇಬರ್ಲಿಯನ್ನು ಖಳನಾಯಕನಂತೆ ಚಿತ್ರಿಸುವುದು ರೂಢಿಯಾದರೂ, ಆತನ ಆತಂಕ ನಿರಾಧಾರವಾಗಿರಲಿಲ್ಲವೆಂಬುದನ್ನು ಮುಂದೆ ಅಂಕಿಗಳೇ ತೋರಿಸಿಕೊಟ್ಟವು.

ಯೋಜನೆಗೆ ಬಲ ಬಂದದ್ದು ಹೊರಗಿನಿಂದ. ಲಂಡನ್ನಿನ ವರ್ತಕರು 1838ರಲ್ಲಿ ಸಮಿತಿ ಕಟ್ಟಿದರು. ಹೆನ್ರಿ ಕೋಲ್ ಎಂಬ ಚತುರ ಇದಕ್ಕಾಗಿಯೇ ಪತ್ರಿಕೆಯೊಂದನ್ನು ನಡೆಸಿದ. 1839ರಲ್ಲಿ ಪಾರ್ಲಿಮೆಂಟಿಗೆ ಎರಡು ಸಾವಿರಕ್ಕೂ ಹೆಚ್ಚು ಮನವಿಗಳು ಹರಿದುಬಂದವು. ಆ ವರ್ಷದ ಆಗಸ್ಟ್ 17ರಂದು ಮಸೂದೆಗೆ ರಾಣಿಯ ಅಂಕಿತ ಬಿತ್ತು. ಹಿಲ್‌ನನ್ನು ಎರಡು ವರ್ಷಗಳ ಮಟ್ಟಿಗೆ ಖಜಾನೆ ಇಲಾಖೆಯಲ್ಲಿ ನೇಮಿಸಿದರು. ಇದರಲ್ಲೊಂದು ತೊಡಕಿತ್ತು. ಸುಧಾರಣೆ ಆಗಬೇಕಿದ್ದುದು ಅಂಚೆ ಕಚೇರಿಯಲ್ಲಿ, ಸುಧಾರಕ ಕುಳಿತದ್ದು ಖಜಾನೆಯಲ್ಲಿ. ಅಂಚೆಯ ಒಬ್ಬ ಗುಮಾಸ್ತನ ಮೇಲೂ ಆತನಿಗೆ ನೇರ ಅಧಿಕಾರವಿರಲಿಲ್ಲ. ಜಾರಿಗೊಳಿಸುವ ಹೊಣೆ ಉಳಿದದ್ದು ಯೋಜನೆಯನ್ನು ವಿರೋಧಿಸಿದ್ದ ಅದೇ ಮೇಬರ್ಲಿಯ ಕೈಯಲ್ಲಿ.

1840ರ ಜನವರಿ 10ರಂದು ಪೆನ್ನಿ ದರ ಜಾರಿಗೆ ಬಂತು. ಸಂಸದರ ಪುಕ್ಕಟೆ ಸವಲತ್ತು ಅಂದೇ ರದ್ದಾಯಿತು. ಮುಂಗಡ ಹಣ ಕಟ್ಟಿದರೆ ಒಂದು ಪೆನ್ನಿ, ಕಟ್ಟದಿದ್ದರೆ ಪಡೆಯುವವನು ಎರಡು ಪೆನ್ನಿ ತೆರಬೇಕು. ಮುಂಗಡವನ್ನು ಕಡ್ಡಾಯ ಮಾಡದೆ, ಬೇರಿಂಗ್ ಕಾಗದದ ಆ ದುಪ್ಪಟ್ಟು ದರದ ಮೂಲಕವೇ ಹಳೆಯ ಅಭ್ಯಾಸವನ್ನು ಬಿಡಿಸಿದ ಉಪಾಯ ಇದು. ಮೇ 6ರಿಂದ ರಾಣಿ ವಿಕ್ಟೋರಿಯಾಳ ಮುಖವಿರುವ ಕಪ್ಪು ಬಣ್ಣದ ಚೀಟಿ ಚಲಾವಣೆಗೆ ಬಂತು. ಪೆನ್ನಿ ಬ್ಲ್ಯಾಕ್ ಎಂದು ಸಂಗ್ರಾಹಕರು ಕಣ್ಣಿಗೊತ್ತಿಕೊಳ್ಳುವುದು ಇದನ್ನೇ.

ಹಿಲ್‌ಗೆ ಮಾತ್ರ ಚೀಟಿಗಿಂತ ಮುದ್ರಿತ ಲಕೋಟೆಯ ಮೇಲೇ ಹೆಚ್ಚು ಭರವಸೆ. ಕಲಾವಿದ ವಿಲಿಯಂ ಮುಲ್ರೆಡಿ ಬ್ರಿಟಾನಿಯಾ ದೇವತೆ ದೇಶದೇಶಗಳಿಗೆ ಕಾಗದ ಕಳುಹಿಸುವ ವೈಭವದ ಚಿತ್ರವೊಂದನ್ನು ಲಕೋಟೆಗೆ ಬರೆದುಕೊಟ್ಟಿದ್ದ. ಜನ ಅದನ್ನು ನೋಡಿ ನಕ್ಕರು, ಅಣಕು ಚಿತ್ರಗಳ ಸುರಿಮಳೆಯಾಯಿತು. ಸರಕಾರ ಅದನ್ನು ಹಿಂತೆಗೆದುಕೊಳ್ಳಬೇಕಾಯಿತು. ಇತ್ತ ಕಪ್ಪು ಚೀಟಿಗೂ ತಾಪತ್ರಯ. ಅದರ ಮೇಲೊತ್ತುತ್ತಿದ್ದ ಕೆಂಪು ಮಸಿಯನ್ನು ಅಳಿಸಿ ಚೀಟಿಯನ್ನು ಎರಡನೆಯ ಸಲ ಬಳಸುವ ಜಾಣರು ಹುಟ್ಟಿಕೊಂಡರು. 1841ರಲ್ಲಿ ಚೀಟಿಯನ್ನು ಕೆಂಪಾಗಿಸಿ, ಮೇಲಿನ ಮಸಿಯನ್ನು ಕಪ್ಪಾಗಿಸಿದರು. ತಪ್ಪು ಕಂಡೊಡನೆ ವರ್ಷದೊಳಗೆ ತಿದ್ದಿಕೊಂಡ ಈ ಚುರುಕು ಅಂದಿನ ಸರಕಾರಿ ಕಚೇರಿಗಳಲ್ಲಿ ಅಪರೂಪವೇ ಸರಿ.

1839ರಲ್ಲಿ ಬಟವಾಡೆಯಾದ ಕಾಗದಗಳು ಸುಮಾರು 7.6 ಕೋಟಿ. 1840ರಲ್ಲಿ ಅದು 16.9 ಕೋಟಿಗೆ ಏರಿತು. ಹಿಲ್ ನೆಚ್ಚಿಕೊಂಡಿದ್ದುದು ಐದು ಪಟ್ಟು ಏರಿಕೆಯನ್ನು. ಅದು ಕೈಗೂಡಲು 1850ರ ದಶಕವೇ ಬರಬೇಕಾಯಿತು. ನಿವ್ವಳ ವರಮಾನವಂತೂ 16 ಲಕ್ಷ ಪೌಂಡಿನಿಂದ ಒಂದೇ ವರ್ಷದಲ್ಲಿ 5 ಲಕ್ಷಕ್ಕೆ ಕುಸಿಯಿತು. ಒಟ್ಟು ವರಮಾನ ಹಳೆಯ ಮಟ್ಟ ಮುಟ್ಟಲು ಹತ್ತು ವರ್ಷಗಳಿಗೂ ಹೆಚ್ಚು, ನಿವ್ವಳ ವರಮಾನಕ್ಕೆ ಇಪ್ಪತ್ತು ವರ್ಷಗಳಿಗೂ ಹೆಚ್ಚು ಕಾಲ ಹಿಡಿಯಿತು. ಮೇಬರ್ಲಿ ಎಣಿಸಿದಷ್ಟು ದೀರ್ಘವಲ್ಲ, ಹಿಲ್ ಭರವಸೆ ಕೊಟ್ಟಷ್ಟು ಬೇಗವೂ ಅಲ್ಲ. ಸಾರ್ವಜನಿಕ ಸೇವೆಯೊಂದರ ಯಶಸ್ಸನ್ನು ಬೊಕ್ಕಸಕ್ಕೆ ಬಂದ ಹಣದಿಂದ ಅಳೆಯಬೇಕೆ, ಬಳಸಿದ ಜನರ ಸಂಖ್ಯೆಯಿಂದ ಅಳೆಯಬೇಕೆ ಎಂಬ ಜಗಳ ಆಗಲೇ ಶುರುವಾಯಿತು.

ಬಡವರಿಗೆ ಇದರಿಂದ ಎಷ್ಟು ದಕ್ಕಿತು ಎಂಬ ಪ್ರಶ್ನೆಯೂ ಉಂಟು. ಆ ಕಾಲದ ಇಂಗ್ಲೆಂಡಿನಲ್ಲಿ ಮದುವೆಯ ದಾಖಲೆ ಪುಸ್ತಕದಲ್ಲಿ ಸಹಿ ಹಾಕಲು ಬಾರದ ಗಂಡಸರು ಮೂರರಲ್ಲೊಬ್ಬ, ಹೆಂಗಸರು ಇಬ್ಬರಲ್ಲೊಬ್ಬಳು. ಮೊದಲ ದಶಕಗಳಲ್ಲಿ ಹೆಚ್ಚು ಲಾಭ ಪಡೆದವರು ವರ್ತಕರು ಮತ್ತು ಮಧ್ಯಮ ವರ್ಗದವರು. ಬ್ರಿಟನ್ನಿನ ಪ್ರತಿಯೊಂದು ಮನೆಗೂ ಟಪಾಲು ಮುಟ್ಟಿಸುವ ಭರವಸೆ ಸಿಕ್ಕಿದ್ದು 1897ರಲ್ಲಿ. ಆದರೂ ಟಪಾಲಿನವನ ತಟ್ಟುವಿಕೆಗೆ ತಾಯಿ ಅಂಜಬೇಕಾದ ಸ್ಥಿತಿ 1840ಕ್ಕೇ ಮುಗಿದುಹೋಗಿತ್ತು.

ವರಮಾನದ ಕುಸಿತದ ಹೊಡೆತ ಹಿಲ್‌ಗೇ ತಟ್ಟಿತು. 1841ರಲ್ಲಿ ಅಧಿಕಾರಕ್ಕೆ ಬಂದ ರಾಬರ್ಟ್ ಪೀಲನ ಸರಕಾರಕ್ಕೆ ಖಾಲಿ ಬೊಕ್ಕಸ ಎದುರಾಗಿತ್ತು. ಆದಾಯ ತೆರಿಗೆಯನ್ನೇ ಮರಳಿ ಹೇರಬೇಕಾಗಿ ಬಂದ 1842ರಲ್ಲಿ ಹಿಲ್‌ನ ನೇಮಕವನ್ನು ಮುಂದುವರಿಸಲಿಲ್ಲ. ಪೆನ್ನಿ ದರವನ್ನು ಮುಟ್ಟಲು ಮಾತ್ರ ಯಾವ ಸರಕಾರಕ್ಕೂ ಧೈರ್ಯವಾಗಲಿಲ್ಲ, ಅಷ್ಟರಲ್ಲಿ ಅದು ಜನರ ಹಕ್ಕಾಗಿ ಬೇರುಬಿಟ್ಟಿತ್ತು. ಹಿಲ್ ಲಂಡನ್-ಬ್ರೈಟನ್ ರೈಲು ಕಂಪನಿಗೆ ಸೇರಿ ಅದರ ಅಧ್ಯಕ್ಷನೂ ಆದ. ಅಲ್ಲಿ ವೇಗದ ರೈಲು, ರಜಾದಿನದ ಅಗ್ಗದ ರೈಲು ಓಡಿಸಿದ. ದರ ಇಳಿಸಿದರೆ ಗಿರಾಕಿ ಬರುತ್ತಾನೆಂಬ ಅದೇ ಸೂತ್ರ.

1846ರಲ್ಲಿ ಸಾರ್ವಜನಿಕರು ಚಂದಾ ಎತ್ತಿ 13 ಸಾವಿರ ಪೌಂಡ್‌ಗಳ ಗೌರವಧನ ಅರ್ಪಿಸಿದರು. ಅದೇ ವರ್ಷ ಹೊಸ ಸರಕಾರ ಆತನನ್ನು ಪೋಸ್ಟ್ ಮಾಸ್ಟರ್ ಜನರಲ್‌ನ ಕಾರ್ಯದರ್ಶಿಯಾಗಿ ಕರೆತಂದಿತು. ಅಂಚೆ ಕಚೇರಿಯ ಕಾರ್ಯದರ್ಶಿಯಾಗಿ ಮೇಬರ್ಲಿ ಅಲ್ಲಿಯೇ ಇದ್ದ! ಒಂದೇ ಕಟ್ಟಡದಲ್ಲಿ, ಹೆಚ್ಚುಕಡಿಮೆ ಒಂದೇ ಹುದ್ದೆಯಲ್ಲಿ, ಒಬ್ಬರನ್ನೊಬ್ಬರು ಸಹಿಸದ ಇಬ್ಬರು. ಈ ವಿಚಿತ್ರ ಏರ್ಪಾಡು ಎಂಟು ವರ್ಷ ನಡೆಯಿತು. 1854ರಲ್ಲಿ ಮೇಬರ್ಲಿಯನ್ನು ಲೆಕ್ಕ ಪರಿಶೋಧನಾ ಮಂಡಲಿಗೆ ವರ್ಗಾಯಿಸಿದ ಮೇಲೆಯೇ ಹಿಲ್‌ಗೆ ಪೂರ್ಣಾಧಿಕಾರ ದೊರೆತದ್ದು. ಆಗ ಆತನಿಗೆ 58 ವರ್ಷ.

ಮುಂದಿನ ಹತ್ತು ವರ್ಷಗಳ ಕೆಲಸ ಚೀಟಿಯಷ್ಟು ಪ್ರಸಿದ್ಧವಲ್ಲ, ಆದರೆ ಆಡಳಿತದ ದೃಷ್ಟಿಯಿಂದ ಅದೇ ಹೆಚ್ಚಿನದು. ಲಂಡನ್ ನಗರವನ್ನು ಹತ್ತು ಅಂಚೆ ವಲಯಗಳಾಗಿ ವಿಂಗಡಿಸಿ, ನೆರೆಬೀದಿಯ ಕಾಗದವೂ ಪ್ರಧಾನ ಕಚೇರಿಗೆ ಹೋಗಿ ಬರುವ ಸುತ್ತು ಹಾದಿಯನ್ನು ತಪ್ಪಿಸಿದ. ಪುಸ್ತಕಗಳಿಗೆ ಅಗ್ಗದ ದರ, ಗೊಂದಲದ ಗೂಡಾಗಿದ್ದ ಮನಿಯಾರ್ಡರ್ ಲೆಕ್ಕಗಳ ಸರಳೀಕರಣ, ಹಳ್ಳಿಗಾಡಿಗೆ ಬಟವಾಡೆಯ ವಿಸ್ತರಣೆ ಇವೆಲ್ಲ ನಡೆದವು. ಮನೆಯ ಬಾಗಿಲಿನಲ್ಲೇ ಕಾಗದ ಹಾಕುವ ಸೀಳು ಕೊರೆಸಿಕೊಳ್ಳಿರೆಂದು ಜನರನ್ನು ಒತ್ತಾಯಿಸಲಾಯಿತು. ಬಾಗಿಲು ತೆರೆಯುವವರೆಗೆ ಕಾಯುವ ಕೆಲವು ಕ್ಷಣಗಳೂ ಹಿಲ್‌ನ ಲೆಕ್ಕದಲ್ಲಿ ಖರ್ಚೇ. ಇಲಾಖೆಯ ವಾರ್ಷಿಕ ವರದಿ ಅಚ್ಚಾಗಿ ಸಾರ್ವಜನಿಕರ ಕೈಗೆ ಸಿಗತೊಡಗಿದ್ದೂ ಈ ಅವಧಿಯಲ್ಲೇ.

ಭಾನುವಾರದ ಪ್ರಕರಣ ಇದಕ್ಕೂ ಮೊದಲಿನದು, 1849ರದು. ಪ್ರಾಂತ್ಯಗಳ ನೂರಾರು ಕಚೇರಿಗಳಲ್ಲಿ ಭಾನುವಾರದ ದುಡಿಮೆ ತಗ್ಗಿಸಲು ಲಂಡನ್ನಿನಲ್ಲಿ ಬೆರಳೆಣಿಕೆಯ ಗುಮಾಸ್ತರು ಅಂದು ಕೆಲವು ತಾಸು ಕೆಲಸ ಮಾಡಿದರೆ ಸಾಕೆಂದು ಹಿಲ್ ಸೂಚಿಸಿದ. ಧರ್ಮನಿಷ್ಠರಿಗೆ ಕಂಡದ್ದು ಲಂಡನ್ನಿನ ಆ ಕೆಲವರ ದುಡಿಮೆ ಮಾತ್ರ. ಊರೂರಲ್ಲಿ ಖಂಡನಾ ಸಭೆಗಳಾದವು. ಯೋಜನೆ ಜಾರಿಯಾಗಿ ಪ್ರಾಂತ್ಯದ ನೌಕರರಿಗೆ ಬಿಡುವು ಸಿಕ್ಕಿತು. ಬೈಗುಳ ಮಾತ್ರ ಹಿಲ್‌ನ ಪಾಲಿಗೆ ಉಳಿಯಿತು.

ಇಷ್ಟೆಲ್ಲ ಮಾಡಿದವನು ಜೊತೆಗೆ ದುಡಿಯುವವರ ಪ್ರೀತಿ ಗಳಿಸಲಿಲ್ಲ. ಎಲ್ಲವನ್ನೂ ತಾನೇ ನೋಡಬೇಕೆಂಬ ಹಟ, ಹೊಗಳಿಕೆಯಲ್ಲಿ ಪಾಲು ಕೊಡಲೊಲ್ಲದ ಸ್ವಭಾವ, ಸಂಬಳ ಏರಿಸುವಲ್ಲಿ ಬಿಗಿಮುಷ್ಟಿ. ಸಹೋದರ ಫ್ರೆಡ್ರಿಕ್‌ನನ್ನೇ ಇಲಾಖೆಯ ಸಹಾಯಕ ಕಾರ್ಯದರ್ಶಿಯಾಗಿಸಿದ್ದು ಮಾತಿಗೆ ಎಡೆ ಮಾಡಿತು. ಕಾದಂಬರಿಕಾರ ಆಂಟನಿ ಟ್ರಾಲಪ್ ಆಗ ಅಂಚೆಯ ಅಧಿಕಾರಿ. 1852ರಲ್ಲಿ ಜರ್ಸಿ ದ್ವೀಪದಲ್ಲಿ ಬೀದಿಬದಿಯ ಅಂಚೆ ಡಬ್ಬಿಗಳನ್ನು ನೆಡಿಸಿದವನು ಆತನೇ. ಹಿಲ್‌ನೊಡನೆ ಆತನಿಗೆ ಎಣ್ಣೆ ಸೀಗೆಕಾಯಿಯ ಸಂಬಂಧ. ಮನುಷ್ಯರ ಸ್ವಭಾವವನ್ನು ಹಿಲ್‌ನಷ್ಟು ಅರಿಯದವರನ್ನು ತಾನು ಕಂಡದ್ದು ಅಪರೂಪ, ನೌಕರರನ್ನು ಆತ ತಿರುಗುವ ಗಾಲಿಗಳೆಂದೇ ಎಣಿಸಿದ್ದನೆಂದು ಟ್ರಾಲಪ್ ಆತ್ಮಕಥೆಯಲ್ಲಿ ದಾಖಲಿಸಿದ್ದಾನೆ. ಹೇಜಲ್‌ವುಡ್ ಶಾಲೆಯ ಗಡಿಯಾರ ಅಂಚೆ ಕಚೇರಿಗೂ ಬಂದಿತ್ತೆನ್ನಬೇಕು. ಆದರೆ ಅಲ್ಲಿನ ಹುಡುಗರಿಗಿದ್ದ ನಿಯಮ ರೂಪಿಸುವ ಹಕ್ಕು ಇಲ್ಲಿನ ಗುಮಾಸ್ತರಿಗೆ ಸಿಗಲಿಲ್ಲ.

ಇದೇ ವೇಳೆಗೆ ಪೆನ್ನಿಯ ಲೆಕ್ಕ ಸಮುದ್ರ ದಾಟಿತ್ತು. ಈಸ್ಟ್ ಇಂಡಿಯಾ ಕಂಪನಿಯ ಆಡಳಿತದಲ್ಲಿ ಕಲ್ಕತ್ತೆಯಿಂದ ಮುಂಬಯಿಗೆ ಒಂದು ತೊಲ ತೂಕದ ಕಾಗದಕ್ಕೆ ಒಂದು ರೂಪಾಯಿ ದರವಿತ್ತು. ಡಾಲ್‌ಹೌಸಿಯ ಕಾಲದಲ್ಲಿ ನೇಮಕವಾದ ಮೂವರ ಆಯೋಗ ಬ್ರಿಟನ್ನಿನ ಮಾದರಿಯನ್ನೇ ಶಿಫಾರಸು ಮಾಡಿತು. 1854ರ ಅಕ್ಟೋಬರ್ 1ರಿಂದ ದೂರ ಎಷ್ಟೇ ಇರಲಿ, ಕಾಲು ತೊಲದ ಕಾಗದಕ್ಕೆ ಅರ್ಧಾಣೆ. ಚೀಟಿ ಹಚ್ಚದಿದ್ದರೆ ಪಡೆಯುವವನಿಂದ ಇಮ್ಮಡಿ. ಕನ್ನಡಿಗರ ಬೇರಿಂಗ್ ಕಾಗದದ ವಂಶವೃಕ್ಷ ಹುಡುಕಿದರೆ ಬೇರು ಇಲ್ಲಿ ಸಿಗುತ್ತದೆ.

ಹಿಲ್‌ಗೆ 1860ರಲ್ಲಿ ಸರ್ ಪದವಿ ಬಂತು. ಆದರೆ ಅದೇ ವರ್ಷ ಪೋಸ್ಟ್ ಮಾಸ್ಟರ್ ಜನರಲ್ ಆಗಿ ಬಂದ ಲಾರ್ಡ್ ಸ್ಟಾನ್ಲಿಯೊಡನೆ ಹೊಂದಾಣಿಕೆಯಾಗಲಿಲ್ಲ. ಕಾರ್ಯದರ್ಶಿ ಬರೆದದ್ದಕ್ಕೆಲ್ಲ ಸಹಿ ಹಾಕಲು ಸ್ಟಾನ್ಲಿ ಸಿದ್ಧನಿರಲಿಲ್ಲ, ತನ್ನ ಮಾತಿಗೆ ಎದುರಾಡುವ ಮೇಲಧಿಕಾರಿ ಹಿಲ್‌ಗೆ ಸಹ್ಯವಾಗಲಿಲ್ಲ. ಆರೋಗ್ಯವೂ ಕೈಕೊಟ್ಟಿತ್ತು. 1864ರಲ್ಲಿ ರಾಜೀನಾಮೆಯಿತ್ತ. ಪೂರ್ಣ ಸಂಬಳವೇ ನಿವೃತ್ತಿ ವೇತನವಾಯಿತು, ಪಾರ್ಲಿಮೆಂಟು 20 ಸಾವಿರ ಪೌಂಡ್‌ಗಳ ಕಾಣಿಕೆ ಮಂಜೂರು ಮಾಡಿತು. ಅದರ ಹಿಂದಿನ ವರ್ಷ ಬ್ರಿಟನ್ನಿನಲ್ಲಿ ಬಟವಾಡೆಯಾದ ಕಾಗದಗಳು 64 ಕೋಟಿ.

ಮುಂದಿನ ವರ್ಷಗಳನ್ನು ಹಿಲ್ ಪೆನ್ನಿ ಅಂಚೆಯ ಇತಿಹಾಸ ಬರೆಯುವುದರಲ್ಲಿ ಕಳೆದ. ಯಾರು ಎಂದು ಏನು ಅಡ್ಡಿ ಮಾಡಿದರೆಂಬುದರ ಪಟ್ಟಿ ಅದರಲ್ಲಿ ದೀರ್ಘವಾಗಿದೆ. 1879ರ ಆಗಸ್ಟ್ 27ರಂದು ಲಂಡನ್ನಿನ ಹ್ಯಾಂಪ್‌ಸ್ಟೆಡ್‌ನಲ್ಲಿ ಕಣ್ಣು ಮುಚ್ಚಿದ. ವೆಸ್ಟ್‌ಮಿನ್‌ಸ್ಟರ್ ಅಬೆಯಲ್ಲಿ ಸಮಾಧಿ ಮಾಡಿದರು. ಆ ಬಳಿಕ ಸ್ಕಾಟ್ಲೆಂಡಿನ ಡಂಡೀ ನಗರದ ಪುಸ್ತಕ ವ್ಯಾಪಾರಿ ಜೇಮ್ಸ್ ಚಾಮರ್ಸ್‌ನೇ ಅಂಟುಚೀಟಿಯನ್ನು ಮೊದಲು ಕಲ್ಪಿಸಿದವನೆಂದು ಆತನ ಮಗ ವಾದ ಹೂಡಿದ. ವರ್ಷಗಟ್ಟಲೆ ಕರಪತ್ರಗಳ ಯುದ್ಧ ನಡೆಯಿತು. ಚೀಟಿಯ ಕೀರ್ತಿ ಯಾರದೇ ಆಗಲಿ, ಪೆನ್ನಿಯ 36ನೆಯ ಒಂದು ಭಾಗದ ಲೆಕ್ಕ ಹಿಲ್‌ನದೇ ಎಂಬುದರಲ್ಲಿ ಯಾರಿಗೂ ತಕರಾರಿರಲಿಲ್ಲ.

ಹಿಲ್ ತೀರಿಕೊಂಡ ವರ್ಷವೇ, ಜುಲೈ 1ರಂದು, ಭಾರತದಲ್ಲಿ ಕಾಲಾಣೆಯ ಪೋಸ್ಟ್ ಕಾರ್ಡ್ ಮಾರಾಟಕ್ಕೆ ಬಂದಿತ್ತು. ಚಿಕ್ಕದೇವರಾಜ ಒಡೆಯರ ಕಾಲದಿಂದ ನಡೆದುಬಂದ ಮೈಸೂರು ಸಂಸ್ಥಾನದ ಅಂಚೆ ಮಾತ್ರ ಆಗಿನ್ನೂ ತನ್ನ ಪಾಡಿಗೆ ಕೆಲಸ ಮಾಡುತ್ತಿತ್ತು. 1889ರಲ್ಲಿ ಅದು ಬ್ರಿಟಿಷ್ ಭಾರತದ ಇಲಾಖೆಯಲ್ಲಿ ವಿಲೀನವಾಯಿತು. ದರಪಟ್ಟಿ ಅಲ್ಲಿಂದ ಬಂತು, ಹೆಸರು ಕನ್ನಡದಲ್ಲಿ ಅಂಚೆಯೆಂದೇ ಉಳಿಯಿತು.